ಸಹಿಯಿಲ್ಲದೆ ಕೊಟ್ಟ ಕೀಲಿಕೈ

ಅವರು ತೀರಿಕೊಂಡು ಹದಿನೇಳು ದಿನಗಳಾಗಿದ್ದವು. ಟೈಪು ಮಾಡಲೆಂದು ನನ್ನ ಮೇಜಿಗೆ ಒಂದು ಕರಡು ಬಂತು. ನಮ್ಮ ಕಚೇರಿಯ ಮೇಲೆ ಹೆಂಗಸೊಬ್ಬರು ಹೂಡಿದ್ದ ದಾವೆಗೆ ಕಚೇರಿ ಕೊಡಬೇಕಾಗಿದ್ದ ಲಿಖಿತ ಉತ್ತರ ಅದು. ಎಂಟನೆಯ ಪ್ಯಾರಾ ಹೀಗಿತ್ತು: ‘ಜಪ್ತಿ ಮಾಲಿನ ಸುರಕ್ಷತೆಯ ಸಂಪೂರ್ಣ ಹೊಣೆ ಅಂದಿನ ಮಾಲುಕೋಣೆ ಗುಮಾಸ್ತರದಾಗಿದ್ದು, ಸದರಿಯವರು ಮರಣ ಹೊಂದಿರುವುದರಿಂದ ಈ ಕಚೇರಿಯ ಮೇಲೆ ಯಾವುದೇ ಹೊಣೆ ಉಳಿದಿರುವುದಿಲ್ಲ.’

ಸದರಿಯವರು ಎಂದರೆ ಅವರು. ಬೇರೆಯವರ ವಸ್ತುಗಳನ್ನು ತಮ್ಮವಕ್ಕಿಂತ ಜೋಪಾನವಾಗಿ ಕಾಯ್ದವರು. ಆ ಪ್ಯಾರಾವನ್ನು ನಾನು ಟೈಪು ಮಾಡಿದೆ. ಅದರಲ್ಲಿದ್ದ ಎರಡು ಅಕ್ಷರದೋಷಗಳನ್ನು ತಿದ್ದಿಯೂ ಬಿಟ್ಟೆ. ಪ್ರಿಂಟ್ ತೆಗೆದು ಸಹಿಗೆ ಕಳಿಸಿದೆ.

ಕಚೇರಿಯ ಹೆಸರನ್ನಾಗಲಿ ಅದಿರುವ ಊರನ್ನಾಗಲಿ ಬರೆಯುವುದಿಲ್ಲ. ಹೊಸಪೇಟೆಯಿಂದ ದಿನಾ ಬಸ್ಸಿನಲ್ಲಿ ಹೋಗಿಬರಬಹುದಾದಷ್ಟು ದೂರ ಎಂದರೆ ಸಾಕು. ಸಂಘಗಳ ಸಾಲ ಕಟ್ಟದೆ ಉಳಿದವರಿಂದ ವಸೂಲು ಮಾಡುವುದು ಅದರ ಕೆಲಸ. ನೋಟಿಸಿಗೂ ಜಗ್ಗದಿದ್ದರೆ ಮನೆಗೆ ಹೋಗಿ ವಸ್ತುಗಳನ್ನು ಜಪ್ತಿ ಮಾಡುತ್ತಾರೆ. ಸಾಲ ತೀರಿದರೆ ವಸ್ತು ಮರಳಿ ಕೊಡಬೇಕು, ತೀರದಿದ್ದರೆ ಹರಾಜು. ಅಲ್ಲಿಯವರೆಗೆ ವಸ್ತು ಇರುವ ಜಾಗವೇ ಮಾಲುಕೋಣೆ. ಅದರ ಕೀಲಿಕೈ ಅವರ ಬಳಿ ಇರುತ್ತಿತ್ತು, ಉಡಿದಾರಕ್ಕೆ ಕಟ್ಟಿಕೊಂಡಂತೆ ಬೆಲ್ಟಿನ ಕೊಂಡಿಗೆ ಸಿಕ್ಕಿಸಿಕೊಂಡಿದ್ದರು.

ನಾನು ಎಂ.ಎ. ಮುಗಿಸಿ, ಪರೀಕ್ಷೆ ಬರೆದು, ಅಲ್ಲಿಗೆ ಕೆಲಸಕ್ಕೆ ಸೇರಿದಾಗ ನನ್ನನ್ನು ಅವರ ಪಕ್ಕದ ಮೇಜಿಗೆ ಹಾಕಿದರು. ಮೊದಲ ದಿನ ಅವರು ನನ್ನನ್ನು ಮಾತಾಡಿಸಲೇ ಇಲ್ಲ. ಎರಡನೆಯ ದಿನ, ನಾನು ನಕಲು ಮಾಡಿದ್ದ ಪಂಚನಾಮೆಯೊಂದನ್ನು ಮುಂದೆ ಇಟ್ಟು, ಒಂದು ಪದದ ಮೇಲೆ ಬೆರಳಿಟ್ಟರು. ‘ಹಿತ್ತಾಳೆ ಪಾತ್ರೆ ಇತ್ಯಾದಿ’ ಎಂದಿತ್ತು.

“ಇತ್ಯಾದಿ ಅಂದ್ರ ಎಷ್ಟವ್ವಾ?”

“ಮೂಲದಲ್ಲಿ ಹಾಗೇ ಇತ್ತು, ಸರ್.”

“ಮೂಲ ಬರದವ್ನು ಕಳ್ಳ. ನೀ ಕಳ್ಳಿ ಆಗಬ್ಯಾಡ. ಎರಡು ತಂಬಿಗಿ, ಒಂದು ಕೊಡ, ಕೊಡದ ಕಂಠ ತಗ್ಗಾಗೈತಿ ಅಂತ ಬರಿ. ಹೋಗಿ ನೋಡಿಕೊಂಡು ಬಾ, ಬರಿ.”

ಹೋಗಿ ನೋಡಿದೆ. ಕೊಡದ ಕಂಠ ನಿಜವಾಗಿ ತಗ್ಗಾಗಿತ್ತು.

ಜಪ್ತಿಗೆ ಹೋದಾಗ ಅವರದೊಂದು ರೀತಿ ಇತ್ತು. ಬೇರೆ ಕಡೆ ಎಲ್ಲಿಯೂ ನಾನು ಅದನ್ನು ಕಂಡಿಲ್ಲ. ಸಾಹೇಬರು ಆದೇಶ ಓದುವರು, ಮನೆಯವರು ಅಳುವರು ಇಲ್ಲವೆ ಬೈಯುವರು, ಸಾಮಾನು ಟೆಂಪೋಗೆ ಏರುವುದು. ಎಲ್ಲ ಮುಗಿದ ಮೇಲೆ ಇವರು ತಮ್ಮ ಉದ್ದನೆಯ ನೋಟುಪುಸ್ತಕ ತೆರೆದು, ಮನೆಯೊಡತಿಯನ್ನೋ ಒಡೆಯನನ್ನೋ ಪಕ್ಕಕ್ಕೆ ಕರೆದು ಕೇಳುವರು: “ಇದನ್ನ ಹೆಂಗ ಸಾಕಬೇಕು ಹೇಳ್ರಿ.”

ಸಾಕುವುದು ಎಂದೇ ಕೇಳುತ್ತಿದ್ದರು, ಬೀರುವಾದರೂ ಸರಿ, ಹೊಲಿಗೆ ಯಂತ್ರವಾದರೂ ಸರಿ. ಅವರಿಗೆ ಬಿದ್ದ ಬೈಗುಳಗಳನ್ನು ನಾನು ಇಲ್ಲಿ ಬರೆಯಲಾರೆ. ಒಬ್ಬ ಮುದುಕಿ ಮುಖಕ್ಕೇ ಉಗುಳಿದ್ದಳು. ಅವರು ಒರೆಸಿಕೊಂಡು ಕಾಯುವರು. ಸ್ವಲ್ಪ ಹೊತ್ತಿನ ನಂತರ, ಸಿಟ್ಟಿನಲ್ಲೇ, ಒಂದೊಂದಾಗಿ ಬರುತ್ತಿದ್ದವು: ಮೂರನೇ ಖಾನೆ ಎತ್ತಿ ಎಳೀಬೇಕು, ಇಲ್ಲಾಂದ್ರ ಹಿಡಿ ಕಿತ್ತು ಬರ್ತದ. ಫ್ರಿಜ್ಜಿನ ಬಾಗಿಲು ಪೂರಾ ಮುಚ್ಚಬ್ಯಾಡ್ರಿ, ವಾಸನಿ ಹಿಡೀತದ. ಅವರು ಬರೆದುಕೊಳ್ಳುವರು. ಪ್ರತಿ ಶನಿವಾರ ಮಧ್ಯಾಹ್ನ ಮಾಲುಕೋಣೆ ತೆರೆದು, ಆ ಪುಸ್ತಕ ಹಿಡಿದು, ಬರೆದಂತೆಯೇ ಮಾಡುವರು. ಎಣ್ಣೆ, ಅರಿವೆ, ಇಲಿಪಾಷಾಣ, ಎಲ್ಲ ತಮ್ಮ ಜೇಬಿನದು.

“ಜಪ್ತಿ ಆದ ಮ್ಯಾಲೂ ಅದು ಅವ್ರದ” ಎನ್ನುವರು. “ನಮ್ಮ ಕೈಯಾಗ ಐತಿ ಅಷ್ಟ. ಕೊಡೋ ದಿನ ಹೆಂಗ ತಂದ್ವೋ ಹಂಗ ಕೊಡಬೇಕು.”

ಇದು ಅವರ ಸ್ವಂತದ ತತ್ವವೇನಲ್ಲ. ಕಾನೂನು ಹೇಳುವುದೂ ಅದನ್ನೇ. ಜಪ್ತಿಯಾದ ಮಾತ್ರಕ್ಕೆ ಮಾಲೀಕತ್ವ ಹೋಗುವುದಿಲ್ಲ. ವಶಕ್ಕೆ ತೆಗೆದುಕೊಂಡ ಅಧಿಕಾರಿ, ಬುದ್ಧಿಯಿರುವ ಮನುಷ್ಯ ತನ್ನ ವಸ್ತುವನ್ನು ಹೇಗೆ ಕಾಯುತ್ತಾನೋ ಹಾಗೆ ಅದನ್ನು ಕಾಯಬೇಕು. ನಮ್ಮ ಕಚೇರಿಯಲ್ಲಿ ಈ ಮಾತು ಎಲ್ಲರಿಗೂ ಗೊತ್ತಿತ್ತು. ಇದನ್ನು ನಂಬಿದವರು ಒಬ್ಬರೇ.

ಅವರು ಆ ಹುದ್ದೆಗೆ ಬಂದ ದಿನದ ಕತೆಯನ್ನು ನಮ್ಮ ಡ್ರೈವರ್ ಹೇಳಿ ಹೇಳಿ ನಗುತ್ತಿದ್ದ. ಸಾಹೇಬರ ಕೋಣೆಯ ಗೋಡೆ ಗಡಿಯಾರ ಯಾವುದೋ ಅಂಗಡಿಯಿಂದ ಜಪ್ತಿಯಾಗಿ ಬಂದದ್ದು. ಇವರು ಸ್ಟೂಲು ಹಾಕಿಕೊಂಡು ಅದನ್ನು ಇಳಿಸಿ, ಚೀಟಿ ಕಟ್ಟಿ, ಒಳಗಿಟ್ಟರಂತೆ. ಅಂದಿನ ಸಾಹೇಬರು, “ಏನ್ರೀ ಇದು, ಟೈಮ್ ಹೆಂಗ ನೋಡ್ಲಿ?” ಎಂದರೆ, “ನಿಮ್ಮ ಕೈಯಾಗ ವಾಚ್ ಐತಲ್ರೀ ಸರ” ಎಂದರಂತೆ. ಆದರೆ ಇದನ್ನು ಹೇಳುವಾಗಲೂ ಅವರು ನಿಂತೇ ಇದ್ದರು ಎನ್ನುವುದನ್ನು ಡ್ರೈವರ್ ತಪ್ಪದೆ ಸೇರಿಸುತ್ತಿದ್ದ. ಅದು ನಿಜವಿರಬೇಕು. ಸಾಹೇಬರ ಮುಂದೆ ಅವರು ಕೂತದ್ದನ್ನು ನಾನೂ ಕಂಡಿಲ್ಲ. ಸಾಹೇಬರ ಫೋನು ಬಂದರೂ ಎದ್ದು ನಿಂತು ಮಾತಾಡುವರು.

ಆಡುಗಳ ಪ್ರಸಂಗ ನಾನೇ ಕಂಡದ್ದು. ಎರಡು ಆಡು ಜಪ್ತಿಯಾಗಿ ಬಂದು, ಕಚೇರಿ ಹಿಂದಿನ ಬೇವಿನ ಮರದ ಕೆಳಗೆ ಇದ್ದಾಗ ಒಂದು ಆಡು ಎರಡು ಮರಿ ಹಾಕಿತು. ಅವರು ರಿಜಿಸ್ಟರ್ ತೆಗೆದು ಮರಿಗಳನ್ನೂ ಏರಿಸಿದರು: ಒಂದು ಕಪ್ಪು, ಒಂದು ಕಂದು, ಕಂದಿನ ಎಡಗಿವಿಯಲ್ಲಿ ಬಿಳಿ ಚುಕ್ಕೆ.

ಡ್ರೈವರ್ ಬಂದು ಮೇಜಿಗೆ ಒರಗಿ ನಿಂತ. “ಯಜಮಾನ್ರ, ಜಪ್ತಿ ಮಾಡಿದ್ದು ಎರಡು. ಹುಟ್ಟಿದ್ದಕ್ಕ ಆರ್ಡರ್ ಎಲ್ಲೈತ್ರಿ? ಒಂದು ಮರಿ ಪುಸ್ತಕಕ್ಕ ಹಿಡಿಬ್ಯಾಡ್ರಿ. ಮಸ್ತ್ ಬಿರಿಯಾನಿ ಆಕ್ಕತಿ.”

“ಅವ್ವನ ಜಪ್ತಿ ಮಾಡಿದ ಮ್ಯಾಲೆ ಮಕ್ಕಳು ಯಾರ ಮನಿಗೆ ಹೋಗಬೇಕಲೇ?”

“ನೀವು ಹಣಿಗೆ ಈಬತ್ತಿ ಹಚ್ಚೋರು, ತಿನ್ನಂಗಿಲ್ಲ. ಅದಕ್ಕ ನಮಗೂ ತಿನ್ನಾಕ ಬಿಡಂಗಿಲ್ಲ ನೋಡ್ರಿ.”

“ನಾ ತಿನ್ನೋನಾಗಿದ್ರೂ ನಿನಗ ಕೊಡ್ತಿದ್ದಿಲ್ಲ, ಹೋಗು.”

ಆಡುಗಳ ಒಡೆಯ ಸಂಡೂರು ಕಡೆಯವನು. ಸಾಲ ತೀರಿಸಿ ಬಂದಾಗ ನಾಲ್ಕನ್ನೂ ಎಣಿಸಿ ಕೊಟ್ಟರು. ಆತ ಎರಡನ್ನೇ ಹಿಡಿದು ಹೊರಟಿದ್ದ. ಉಳಿದೆರಡೂ ತನ್ನವೇ ಎಂದು ಅವನಿಗೆ ಒಪ್ಪಿಸಲು ಅವರು ಅರ್ಧ ತಾಸು ಒದ್ದಾಡಬೇಕಾಯಿತು. ಸರ್ಕಾರ ಹೆಚ್ಚಿಗೆ ಏನನ್ನಾದರೂ ಕೊಟ್ಟರೆ ಅದರಲ್ಲೇನೋ ಮೋಸವಿದೆ ಎಂದು ಆತ ಹೆದರಿದ್ದ. ಅವನ ಹೆದರಿಕೆಯಲ್ಲಿ ತಪ್ಪೇನೂ ಇಲ್ಲ.

ಹುಲಿಗೆಮ್ಮ ಎಮ್ಮಿಗನೂರಿನವರು. ಮೇಲೆ ಹೇಳಿದ ದಾವೆ ಅವರದೇ. ಅವರ ಮನೆಯ ಪಡಸಾಲೆಯಲ್ಲಿ ಮೋಟರಿನಿಂದ ಓಡುವ ಒಂದು ಶ್ಯಾವಿಗೆ ಯಂತ್ರವಿತ್ತು. ಶಿವರಾತ್ರಿ ಕಳೆದ ಮೇಲೆ ಮಳೆ ಬೀಳುವ ತನಕ ಸುತ್ತಲಿನ ಹೆಂಗಸರು ರವೆಯ ಡಬ್ಬಿ ಹಿಡಿದು ಅಲ್ಲಿ ಪಾಳಿ ಹಚ್ಚುತ್ತಿದ್ದರು. ಆ ಮೂರು ತಿಂಗಳ ದುಡಿಮೆಯೇ ಅವರ ವರ್ಷದ ಜೀವನ. ತಮ್ಮ ಮಹಿಳಾ ಸಂಘದ ಗೆಳತಿಯೊಬ್ಬಳ ಸಾಲಕ್ಕೆ ಅವರು ಜಾಮೀನು ಹಾಕಿದ್ದರು. ಗೆಳತಿ ಊರು ಬಿಟ್ಟಳು, ಯಂತ್ರ ಜಪ್ತಿಯಾಯಿತು.

ಆ ದಿನ ನಾನೂ ಹೋಗಿದ್ದೆ. ಹುಲಿಗೆಮ್ಮ ಅಳಲಿಲ್ಲ, ಬೈಯಲಿಲ್ಲ. ಗುಮಾಸ್ತರು ಪುಸ್ತಕ ತೆರೆದು, “ಹೆಂಗ ಸಾಕಬೇಕು ಹೇಳ್ರಿ ತಾಯಿ” ಎಂದಾಗ ನೇರವಾಗಿ ನೋಡಿ ಹೇಳಿದರು: “ಶೇಂಗಾ ಎಣ್ಣಿ ಹಚ್ಚಬೇಕು. ಮಷೀನ್ ಎಣ್ಣಿ ಮುಟ್ಟಿಸಬ್ಯಾಡ್ರಿ. ಮಂದಿ ತಿನ್ನೋ ಹಿಟ್ಟು ಬರೋ ಜಾಗ ಅದು. ಬಿಲ್ಲಿ ನಾಕೂ ಬಿಚ್ಚಿ, ಒರಸಿ, ಅರಿವ್ಯಾಗ ಸುತ್ತಿಡ್ರಿ. ಸಣ್ಣ ತೂತಿನ ಬಿಲ್ಲಿ ನಮ್ಮವ್ವ ಕೊಡಿಸಿದ್ದು.”

ಬಿಲ್ಲೆ ಎಂದರೆ ತೂತುಗಳಿರುವ ಹಿತ್ತಾಳೆ ತಟ್ಟೆ. ಹಿಟ್ಟು ಅದರ ಮೂಲಕ ಎಳೆಯಾಗಿ ಇಳಿಯುತ್ತದೆ. ಗುಮಾಸ್ತರು ಪಂಚನಾಮೆಯಲ್ಲಿ ನಾಲ್ಕನ್ನೂ ಬಿಡಿಬಿಡಿಯಾಗಿ ವರ್ಣಿಸಿ ಬರೆದು, ಅದರ ನಕಲನ್ನು ಹುಲಿಗೆಮ್ಮನ ಕೈಗೆ ಕೊಟ್ಟರು. ಮುಂದಿನ ಶನಿವಾರ ಊಟದ ಚೀಲದಲ್ಲಿ ಶೇಂಗಾ ಎಣ್ಣೆಯ ಪುಟ್ಟ ಸೀಸೆ ತಂದರು.

ಅದೇ ವರ್ಷ ನಮ್ಮ ಈಗಿನ ಸಾಹೇಬರು ಬಂದರು. ಅವರಿಗೆ ವಿಡಿಯೋ ಮೀಟಿಂಗಿಗೆ ಎ.ಸಿ. ಕೋಣೆ ಬೇಕಿತ್ತು. ಇಡೀ ಕಟ್ಟಡದಲ್ಲಿ ಸೋರದ ಕೋಣೆ ಮಾಲುಕೋಣೆ ಒಂದೇ.

ಅಂದು ಮಂಗಳವಾರ. ಮಧ್ಯಾಹ್ನ ಊಟದ ಹೊತ್ತು. ನಾನು ನನ್ನ ಮೇಜಿನಲ್ಲಿ ರೊಟ್ಟಿ ತಿನ್ನುತ್ತಿದ್ದೆ. ಅವರು ಊಟ ಮುಗಿಸಿ ಡಬ್ಬಿ ಮುಚ್ಚುತ್ತಿದ್ದರು. ಮರುದಿನದಿಂದ ಎಂಟು ದಿನ ಅವರಿಗೆ ರಜೆ, ಹೊಸಪೇಟೆಯಲ್ಲಿ ಕಣ್ಣಿನ ಪೊರೆ ತೆಗೆಸಲು. ಸಾಹೇಬರು ಯಾರನ್ನೂ ಕಳಿಸದೆ ತಾವೇ ನಡೆದು ಬಂದರು. ಇವರು ಎದ್ದು ನಿಂತರು.

“ಮಾಲುಕೋಣಿ ಕೀಲಿಕೈ ಕೊಡ್ರಿ. ಇಂಜಿನಿಯರ್ ಬಂದಾರ, ಅಳತಿ ಮಾಡ್ಬೇಕಂತ.”

ಇವರು ಬೆಲ್ಟಿನಿಂದ ಕೀಲಿಕೈ ಬಿಚ್ಚಿದರು. ಇನ್ನೊಂದು ಕೈ ಅಭ್ಯಾಸಬಲದಿಂದ ಡ್ರಾಯರಿಗೆ ಹೋಗಿ ಕೀಲಿಕೈ ಪುಸ್ತಕವನ್ನು ಹೊರತೆಗೆಯಿತು. ಯಾರೇ ಆ ಕೀಲಿಕೈ ಪಡೆಯಲಿ, ಅದರಲ್ಲಿ ಸಹಿ ಹಾಕಬೇಕು. ಕಸ ಗುಡಿಸುವವಳಿಂದಲೂ ಹೆಬ್ಬೆಟ್ಟು ಒತ್ತಿಸುತ್ತಿದ್ದರು. ಸಾಹೇಬರು ಪುಸ್ತಕ ನೋಡಿ ನಕ್ಕರು.

“ಏನ್ರೀ, ನನ್ನ ಸಹೀನೂ ಬೇಕೇನು?”

“ಇಲ್ರಿ ಸರ. ನಿಮ್ಮದ್ಯಾಕ್ರಿ.”

ಪುಸ್ತಕ ಒಳಗೆ ಹೋಯಿತು. ಸಾಹೇಬರು ಕೀಲಿಕೈಯನ್ನು ಬೆರಳಿಗೆ ಸಿಕ್ಕಿಸಿಕೊಂಡು ತಿರುಗಿಸುತ್ತ ಹೋದರು. ನಾನು ಕೇಳಿದೆ, “ಸರ್, ಸಹಿ?”

ಅವರು ಸ್ವಲ್ಪ ಹೊತ್ತು ಡಬ್ಬಿಯ ಮುಚ್ಚಳ ಒತ್ತುತ್ತಲೇ ಇದ್ದರು. “ದೊಡ್ಡೋರ ಹತ್ರ ಕೇಳಾಕ ಬಾಯಿ ಬರಲಿಲ್ಲವ್ವಾ” ಎಂದರು.

ಕೊಡದ ಕಂಠದ ತಗ್ಗನ್ನೂ ಆಡುಮರಿಯ ಕಿವಿಯ ಚುಕ್ಕೆಯನ್ನೂ ಬರೆದಿಟ್ಟವರು ಅವರು. ಎಷ್ಟೋ ಸಲ ನನಗೆ ಅವರ ಮೇಲೆಯೇ ಕೆಂಡದಂಥ ಸಿಟ್ಟು ಬಂದಿದೆ. ಬಡವರ ವಸ್ತುವಿನ ಮೇಲೆ ಅಷ್ಟು ಗೌರವವಿದ್ದವರಿಗೆ ಸಾಹೇಬರ ಕುರ್ಚಿಯ ಮೇಲೆ ಅದಕ್ಕಿಂತ ಒಂದು ತೂಕ ಹೆಚ್ಚು ಗೌರವ ಯಾಕಿರಬೇಕಿತ್ತು?

ಅವರು ಕಪ್ಪು ಕನ್ನಡಕ ಹಾಕಿಕೊಂಡು ಮರಳಿದಾಗ ಮಾಲುಕೋಣೆಗೆ ಬೇರೆ ಬೀಗ ಬಿದ್ದಿತ್ತು, ಒಳಗೆ ಬಡಗಿಗಳಿದ್ದರು. ಸಾಮಾನೆಲ್ಲ ಹಿತ್ತಲಿನ ತಗಡಿನ ಚಪ್ಪರದ ಕೆಳಗೆ. ಆ ಹಿತ್ತಲಿಗೆ ಬಾಗಿಲೇ ಇಲ್ಲ. ಅವರು ಟಿಪ್ಪಣಿ ಬರೆದರು. ಸಾಹೇಬರು ಅದರ ಮೇಲೆ ಏನನ್ನೂ ಬರೆಯದೆ ಇಟ್ಟುಕೊಂಡರು. ಇವರು ಮತ್ತೊಂದು ಬರೆದರು. ಅದೂ ಹಾಗೆಯೇ. “ಎರಡು ದಿನ ತಡೀರಿ” ಎಂದು ಸಾಹೇಬರು ಬಾಯಲ್ಲಿ ಹೇಳಿದರು. ಎರಡು ದಿನ ಇಡೀ ಮಳೆಗಾಲವಾಯಿತು. ಇವರು ಸ್ವಂತ ದುಡ್ಡಿನಲ್ಲಿ ತಾಡಪತ್ರಿ ತಂದು ಹೊದಿಸಿದರು. ಶನಿವಾರ ಶನಿವಾರ ಆ ಕೆಸರಿನಲ್ಲಿ ಪ್ಯಾಂಟು ಮಡಿಚಿ ಕೂತು ಶ್ಯಾವಿಗೆ ಯಂತ್ರಕ್ಕೆ ಶೇಂಗಾ ಎಣ್ಣೆ ಹಚ್ಚುತ್ತಿದ್ದರು. ಒಂದು ಸೋಮವಾರ ಬಂದು ನೋಡಿದರೆ ಬಿಲ್ಲೆಗಳ ಗಂಟು ಇರಲಿಲ್ಲ. ಮೋಟರಿನ ಹೊಟ್ಟೆ ಬಗೆದು ತಾಮ್ರದ ತಂತಿ ಎಳೆದೊಯ್ದಿದ್ದರು.

ಕಳವಿನ ವರದಿಯನ್ನು ಅಂದೇ ಬರೆದು ಕೊಟ್ಟರು. ಸಾಹೇಬರು ಅದನ್ನು ಮೇಲಕ್ಕೂ ಕಳಿಸಲಿಲ್ಲ, ಪೊಲೀಸರಿಗೂ ಕೊಡಲಿಲ್ಲ. “ನಿಮ್ಮ ತಲಿಗೇ ಬರ್ತದ, ಸುಮ್ನಿರ್ರಿ. ರಿಟೈರ್ ಆಗೋ ಟೈಮು” ಎಂದರು. ಅದು ಕಾಳಜಿಯ ಧ್ವನಿಯಲ್ಲೇ ಇತ್ತು.

ಹುಲಿಗೆಮ್ಮ ಹತ್ತು ತಿಂಗಳು ಕಂಪ್ಲಿಯ ಖಾನಾವಳಿಯೊಂದರಲ್ಲಿ ರೊಟ್ಟಿ ಬಡಿದು ಬೇರೆಯವಳ ಸಾಲ ತೀರಿಸಿದರು. ಶಿವರಾತ್ರಿಗೆ ಇನ್ನೂ ಒಂದು ವಾರವಿರುವಾಗ ಟೆಂಪೋ ಮಾಡಿಕೊಂಡು, ಬಿಡುಗಡೆ ಆದೇಶವನ್ನೂ ಗುಮಾಸ್ತರು ಕೊಟ್ಟಿದ್ದ ಪಂಚನಾಮೆಯ ನಕಲನ್ನೂ ಹಿಡಿದುಕೊಂಡು ಬಂದರು. ಯಂತ್ರ ನೋಡಿದರು. ಖಾಲಿ ಮೋಟರಿನೊಳಗೆ ಕೈಹಾಕಿ ನೋಡಿದರು. ಆಮೇಲೆ ಸಾಹೇಬರ ಮುಂದೆ ಬಂದು ನಿಂತರು. ಇವರೂ ನಾನೂ ರಿಜಿಸ್ಟರ್ ಹಿಡಿದು ಪಕ್ಕದಲ್ಲಿದ್ದೆವು.

“ಸಾಹೇಬ್ರ, ನನ್ನ ಬಿಲ್ಲಿ?”

“ಹಳೇ ಮಷೀನಮ್ಮ ಅದು. ಇಷ್ಟಾದ್ರೂ ಉಳದೈತಲ್ಲ, ಸಹಿ ಮಾಡಿ ಒಯ್ಯಿ.”

ರಿಜಿಸ್ಟರಿನಲ್ಲಿ ‘ಸುಸ್ಥಿತಿಯಲ್ಲಿ ಪಡೆದುಕೊಂಡಿದ್ದೇನೆ’ ಎಂದು ಮೊದಲೇ ಅಚ್ಚಾಗಿರುತ್ತದೆ.

“ಸಾಲ ನಾ ತಗಂಡಿದ್ದಲ್ಲ, ಆದ್ರೂ ಪೂರಾ ಕಟ್ಟೀನಿ” ಎಂದರು ಹುಲಿಗೆಮ್ಮ. “ನನ್ನ ಮಷೀನ್ ನೀವು ಪೂರಾ ಕೊಡ್ರಿ. ನಾ ಒಂದು ಕಂತು ಅರ್ಧ ಕಟ್ಟಿ, ಇಷ್ಟಾದ್ರೂ ಬಂತಲ್ಲ ಸಹಿ ಮಾಡ್ರಿ ಅಂದಿದ್ರ ನೀವು ಮಾಡ್ತಿದ್ರೇನು?”

“ಏ, ಬಾಯಿ ಭಾಳ ಆತು ನಿಂದು. ಸಹಿ ಮಾಡ್ತಿಯೋ, ಇಲ್ಲೇ ಬಿಟ್ಟು ಹೋಗ್ತಿಯೋ?”

ಆಗ ಗುಮಾಸ್ತರು ರಿಜಿಸ್ಟರನ್ನು ನನ್ನ ಕೈಯಿಂದ ತೆಗೆದುಕೊಂಡರು. ಸಾಹೇಬರ ಮೇಜಿನ ಅಂಚಿಗೇ ಇಟ್ಟುಕೊಂಡು, ‘ಸುಸ್ಥಿತಿಯಲ್ಲಿ’ ಎಂಬುದನ್ನು ಹೊಡೆದು, ಕೆಳಗೆ ತಮ್ಮ ಗುಂಡನೆಯ ಅಕ್ಷರದಲ್ಲಿ ಬರೆದರು: ‘ಹಿತ್ತಾಳೆ ಬಿಲ್ಲೆ ನಾಲ್ಕೂ ಇಲ್ಲ. ಮೋಟರಿನ ತಾಮ್ರದ ತಂತಿ ಇಲ್ಲ. ಇವು ನಮ್ಮ ವಶದಲ್ಲಿದ್ದಾಗ ಹೋಗಿವೆ.’ ಸಹಿ ಮಾಡಿ, ದಿನಾಂಕ ಹಾಕಿದರು. ಆಮೇಲೆ ಅದನ್ನು ಹುಲಿಗೆಮ್ಮನ ಕಡೆಗೆ ತಿರುಗಿಸಿದರು.

“ಈಗ ಸಹಿ ಮಾಡ್ರಿ ತಾಯಿ” ಎಂದರು. “ಈಗ ಬರದದ್ದು ಖರೇ ಐತಿ.”

ಎಂಟು ದಿನದೊಳಗೆ ಅವರನ್ನು ಅಮಾನತಿನಲ್ಲಿಟ್ಟರು. ನಿವೃತ್ತಿಗೆ ನಾಲ್ಕು ತಿಂಗಳಿತ್ತು. ಆರೋಪ: ಜಪ್ತಿ ಮಾಲನ್ನು ಕಾಯುವಲ್ಲಿ ನಿರ್ಲಕ್ಷ್ಯ, ಮತ್ತು ರಿಜಿಸ್ಟರ್ ತಿದ್ದಿದ್ದು. ವಿಚಾರಣೆಗೆ ಬೇರೆ ಊರಿನ ಅಧಿಕಾರಿ ಬಂದರು. ಮಾಲುಕೋಣೆಯ ಕೀಲಿಕೈ ತಮ್ಮ ಬಳಿ ಎಂದೂ ಇರಲಿಲ್ಲ ಎಂದು ಸಾಹೇಬರು ಹೇಳಿಕೆ ಕೊಟ್ಟರು. ಗುಮಾಸ್ತರೇ ಜಾಗ ಸಾಲದೆಂದು ಸಾಮಾನು ಹೊರಗೆ ಹಾಕಿಸಿರಬೇಕು, ಎಂದರು. ಟಿಪ್ಪಣಿಗಳೂ ಕಳವಿನ ವರದಿಯೂ ಕಡತದಲ್ಲಿ ಇರಲಿಲ್ಲ. ಕೀಲಿಕೈ ಪುಸ್ತಕ ತರಿಸಿದರು. ಸಹಿ ಇರಲಿಲ್ಲ.

ನನ್ನನ್ನು ಕರೆದರು. ಅವರು ನನ್ನ ಎದುರಿಗಿದ್ದ ಬೆಂಚಿನ ತುದಿಯಲ್ಲಿ ಕೂತಿದ್ದರು.

“ಇವರು ಅಧಿಕಾರಿಗಳಿಗೆ ಕೀಲಿಕೈ ಕೊಟ್ಟದ್ದನ್ನು ನೀವು ಕಂಡಿದ್ದೀರಾ?”

“ನಾನು ಊಟ ಮಾಡುತ್ತಿದ್ದೆ” ಎಂದೆ. “ಗಮನಿಸಲಿಲ್ಲ.”

ಇಷ್ಟೇ ಹೇಳಿದ್ದು. ಎಲ್ಲರೂ ಅಷ್ಟೇ ಹೇಳಿದ್ದರು. ನಾನು ಇನ್ನೂ ಪ್ರೊಬೇಷನ್ನಿನಲ್ಲಿದ್ದೆ. ಅದು ಮುಗಿದಿದೆ ಎಂದು ಬರೆದುಕೊಡಬೇಕಾದವರು ಅದೇ ಸಾಹೇಬರು. ಇದನ್ನು ಕಾರಣವಾಗಿ ಹೇಳುತ್ತಿದ್ದೇನೆ, ಸಮರ್ಥನೆಯಾಗಿ ಅಲ್ಲ.

ಹೊರಗೆ ವರಾಂಡದಲ್ಲಿ ಅವರು ಚಪ್ಪಲಿ ಹಾಕಿಕೊಳ್ಳುತ್ತಿದ್ದರು. ನಾನು ತಲೆ ತಗ್ಗಿಸಿಕೊಂಡು ಹಾದುಹೋಗುವವಳಿದ್ದೆ.

“ಪ್ರೊಬೇಷನ್ ಇನ್ನೆಷ್ಟು ತಿಂಗಳು ಐತವ್ವಾ?”

“ಏಳು, ಸರ್.”

“ಮುಗೀಲಿ” ಎಂದರು. ಚಪ್ಪಲಿ ಮೆಟ್ಟಿ ಹೊರಟರು.

ಅವರ ನಿವೃತ್ತಿಯ ದಿನ ಕಚೇರಿಯಲ್ಲಿ ಹಾರವಿರಲಿಲ್ಲ, ಚಹಾವಿರಲಿಲ್ಲ. ವಿಚಾರಣೆ ಎಳೆಯುತ್ತ ಹೋಯಿತು, ಅವರಿಗೆ ಬರಬೇಕಾದದ್ದೆಲ್ಲ ನಿಂತಿತು. ನಾನು ಹೊಸಪೇಟೆಯಿಂದ ಹಂಪಿ ಬಸ್ಸಿನಲ್ಲಿ ಒಮ್ಮೆ ಕಡ್ಡಿರಾಂಪುರದವರೆಗೂ ಹೋಗಿ, ಅವರ ಮನೆಯ ಓಣಿ ಕಂಡರೂ ಇಳಿಯದೆ ಮುಂದೆ ಹೋಗಿದ್ದೇನೆ. ಇಳಿದದ್ದು ಅವರು ಸತ್ತ ದಿನ. ಎದೆನೋವು ಬಂದು ಆಸ್ಪತ್ರೆಗೆ ಒಯ್ಯುವಷ್ಟರಲ್ಲಿ ಹೋದರಂತೆ.

ಹುಲಿಗೆಮ್ಮ ನನಗಿಂತ ಮೊದಲೇ ಬಂದು ಬಾಗಿಲ ಬಳಿ ಕೂತಿದ್ದರು. ಗುಮಾಸ್ತರ ಹೆಂಡತಿ ನನಗೆ ಗೋಡೆಯ ಗೂಡು ತೋರಿಸಿದರು. ಶೇಂಗಾ ಎಣ್ಣೆಯ ಸೀಸೆ ಅಲ್ಲಿತ್ತು, ತಳದಲ್ಲಿ ಸ್ವಲ್ಪ ಉಳಿದಿತ್ತು. “ಇದನ್ನ ಅಡಗಿಗೆ ಬಳಸಾಕ ಬಿಡ್ಲಿಲ್ಲ ನೋಡವ್ವಾ. ಅದು ಆಫೀಸಿಂದು ಅಂತಿದ್ರು. ತಂದದ್ದು ನಮ್ಮ ರೊಕ್ಕದಾಗ.”

ಅದಾಗಿ ಹದಿನೇಳನೆಯ ದಿನ ಆ ಕರಡು ಬಂತು.

ಸತ್ತವನ ಮೇಲೆ ಹೊಣೆ ಹೊರಿಸುವುದು ಎಷ್ಟು ಸಲೀಸು! ಜಪ್ತಿಯ ಆದೇಶಕ್ಕೆ ಸಹಿ ಹಾಕಿದವರು ಸಾಹೇಬರು, ಯಂತ್ರವನ್ನು ಎತ್ತಿಸಿದವರು ಸಾಹೇಬರು, ಕೋಣೆಯನ್ನು ಖಾಲಿ ಮಾಡಿಸಿದವರು ಸಾಹೇಬರು. ಕಾಯುವ ಹೊಣೆ ಮಾತ್ರ ಎಲ್ಲರಿಗಿಂತ ಕೆಳಗೆ ನಿಂತವನದು, ಅವನು ಸತ್ತರೆ ಯಾರದೂ ಅಲ್ಲ. ಹುಲಿಗೆಮ್ಮನ ಎರಡು ಹಂಗಾಮು ಹೋಗಿವೆ. ಅವರು ಈಗಲೂ ಕಂಪ್ಲಿಯಲ್ಲಿ ರೊಟ್ಟಿ ಬಡಿಯುತ್ತಿದ್ದಾರೆ. ಆ ಎ.ಸಿ. ಕೋಣೆಯಲ್ಲಿ ಕೂತು ಸಾಹೇಬರು ಪ್ರತಿ ಸೋಮವಾರ ಮೀಟಿಂಗು ಮಾಡುತ್ತಾರೆ.

ನನ್ನ ಪ್ರೊಬೇಷನ್ ಮುಗಿದ ಆದೇಶ ಗುಮಾಸ್ತರು ಸಾಯುವ ಐದು ದಿನ ಮೊದಲೇ ನನ್ನ ಕೈಗೆ ಬಂದಿತ್ತು. ಆ ಐದು ದಿನ ನಾನು ಏನೂ ಮಾಡಲಿಲ್ಲ. ಬರುವ ಭಾನುವಾರ ಕಡ್ಡಿರಾಂಪುರಕ್ಕೆ ಹೋಗಿ ಮುಗಿಯಿತು ಎಂದು ಹೇಳಿದರಾಯಿತು ಎಂದುಕೊಂಡಿದ್ದೆ.

ಕಳೆದ ವಾರ ಹುಲಿಗೆಮ್ಮನ ವಕೀಲರಿಗೆ ಫೋನು ಮಾಡಿ, ಸಾಕ್ಷಿಗಳ ಪಟ್ಟಿಗೆ ನನ್ನ ಹೆಸರು ಸೇರಿಸಿ ಎಂದೆ. ಅವರು, “ವಿಚಾರಣ್ಯಾಗ ಗಮನಿಸಿಲ್ಲ ಅಂದೀರಿ. ಅವತ್ತು ಸುಳ್ಳು ಹೇಳಿದ್ರಾ ಇವತ್ತು ಹೇಳ್ತೀರಾ ಅಂತ ಕೇಳ್ತಾರ. ಕೆಲಸಕ್ಕೂ ಕುತ್ತು ಬರ್ತದ್ರಿ, ಮೇಡಂ” ಎಂದರು. ಗೊತ್ತು ಎಂದೆ. ವಿಷಯ ಹೇಗೋ ಕಚೇರಿಗೆ ಮುಟ್ಟಿದೆ. ನಿನ್ನೆ ಡ್ರೈವರ್ ಬಂದು ನನ್ನ ಮೇಜಿಗೆ ಒರಗಿ, ಮೆಲ್ಲಗೆ ಕೇಳಿದ: “ಯಾಕ್ರೀ ಅಕ್ಕಾ, ಬೇಕಾಗಿತ್ತಾ ನಿಮಗ?” ಅವನ ಕಣ್ಣು ಪಕ್ಕದ ಖಾಲಿ ಮೇಜಿನ ಮೇಲಿತ್ತು.

ಹೇಳಿಕೆಯನ್ನು ಗುಮಾಸ್ತರು ಕಲಿಸಿದಂತೆಯೇ ಬರೆದಿದ್ದೇನೆ. ಇತ್ಯಾದಿ ಎಂಬ ಪದ ಎಲ್ಲಿಯೂ ಇಲ್ಲ.

‘ಅಂದು ಮಂಗಳವಾರ, ಮಧ್ಯಾಹ್ನದ ಊಟದ ಹೊತ್ತು. ನಾನು ನನ್ನ ಮೇಜಿನಲ್ಲಿ ಕುಳಿತಿದ್ದೆ. ಅವರ ಮೇಜು ನನ್ನ ಎಡಕ್ಕೆ ಎರಡು ಮೊಳ ದೂರ. ಅಧಿಕಾರಿಗಳು ಬಂದು ಮಾಲುಕೋಣೆಯ ಕೀಲಿಕೈ ಕೇಳಿದರು. ಕೀಲಿಕೈ ಒಂದು, ಕಬ್ಬಿಣದ್ದು, ಹಿಡಿಯ ಹತ್ತಿರ ಸ್ವಲ್ಪ ಬಾಗಿತ್ತು, ಕೆಂಪು ದಾರ ಕಟ್ಟಿತ್ತು. ಗುಮಾಸ್ತರು ಎದ್ದು ನಿಂತು ಅದನ್ನು ಬಲಗೈಯಿಂದ ಕೊಟ್ಟರು. ಅಧಿಕಾರಿಗಳು ಎಡಗೈಯಿಂದ ತೆಗೆದುಕೊಂಡರು. ಕೀಲಿಕೈ ಪುಸ್ತಕದಲ್ಲಿ ಸಹಿ ಮಾಡಲಿಲ್ಲ. ಕೊಟ್ಟದ್ದನ್ನು ನಾನು ಕಂಡಿದ್ದೇನೆ. ವಿಚಾರಣೆಯಲ್ಲಿ ಗಮನಿಸಲಿಲ್ಲ ಎಂದು ನಾನು ಹೇಳಿದ್ದು ಸುಳ್ಳು.’

ಕೆಳಗೆ ಸಹಿ ಮಾಡಿದ್ದೇನೆ.